ಮಂಜಿನಿಂದ ಬಯಲಿಗೆ: ಹಿಚ್‌ಕಾಕ್ ನಡೆದ ದಾರಿ

ಪ್ರಶ್ನೆ: ಕೊಡಗಿನ ನಾಪೋಕ್ಲು ಕಡೆಯ ನಾವು ಕೆಲವು ಗೆಳೆಯರು ಸೇರಿ ನಮ್ಮದೇ ಕಾಫಿ ತೋಟದಲ್ಲಿ ಒಂದು ಸಸ್ಪೆನ್ಸ್ ಕಿರುಚಿತ್ರ ಮಾಡಬೇಕೆಂದಿದ್ದೇವೆ. ಮಳೆ, ಮಂಜು, ಹಳೆಯ ಮನೆ ಎಲ್ಲವೂ ಇಲ್ಲೇ ಇವೆ. ಕ್ಯಾಮೆರಾ ಹಿಡಿಯುವ ಮೊದಲು ಆಲ್‌ಫ್ರೆಡ್ ಹಿಚ್‌ಕಾಕ್ ಚಿತ್ರಗಳನ್ನು ನೋಡಿ ಎಂದು ಹಲವರು ಹೇಳಿದರು. ಐವತ್ತಕ್ಕೂ ಹೆಚ್ಚು ಚಿತ್ರಗಳಿವೆಯಂತೆ. ಅವರ ವೃತ್ತಿಜೀವನ ಬೆಳೆದ ಬಗೆ ಹೇಗೆ, ನಾವು ಎಲ್ಲಿಂದ ಆರಂಭಿಸಬೇಕು? ಎಷ್ಟೆಂದರೂ ಅವೆಲ್ಲ ಕೊಲೆಯ ಕಥೆಗಳೇ ತಾನೆ, ಅವರನ್ನು ದೊಡ್ಡ ಕಲಾವಿದರೆನ್ನುವುದು ಏಕೆ ಎಂದು ನಮ್ಮೊಳಗಿನ ಶಿಕ್ಷಕರೊಬ್ಬರು ಕೇಳುತ್ತಾರೆ.

ಉತ್ತರ: ಶಿಕ್ಷಕರ ಪ್ರಶ್ನೆಯನ್ನೇ ಮೊದಲು ತೆಗೆದುಕೊಳ್ಳುತ್ತೇನೆ. ಅದಕ್ಕೆ ಉತ್ತರ ಸಿಕ್ಕರೆ ಉಳಿದವು ಸುಲಭವಾಗುತ್ತವೆ. ಹಿಚ್‌ಕಾಕ್ ಅವರ ಬಹುಪಾಲು ಚಿತ್ರಗಳಲ್ಲಿ ಕೊಲೆ ಇದೆ, ನಿಜ. ಆದರೆ ಕೊಲೆಗಾರ ಯಾರೆಂಬುದನ್ನು ಕೊನೆಯ ರೀಲಿನವರೆಗೆ ಬಚ್ಚಿಡುವ ಪತ್ತೇದಾರಿ ಕಥೆಯ ಬಗ್ಗೆ ಅವರಿಗೆ ಒಲವಿರಲಿಲ್ಲ. ಫ್ರೆಂಚ್ ನಿರ್ದೇಶಕ ಫ್ರಾನ್ಸುವಾ ತ್ರುಫೋ 1962ರಲ್ಲಿ ಅವರೊಂದಿಗೆ ಸುಮಾರು ಒಂದು ವಾರ ಮಾತನಾಡಿ, 1966ರಲ್ಲಿ ಆ ಮಾತುಕತೆಯನ್ನು ಪುಸ್ತಕವಾಗಿ ಹೊರತಂದರು. ಅದರಲ್ಲಿ ಹಿಚ್‌ಕಾಕ್ ಕೊಡುವ ಒಂದು ಉದಾಹರಣೆ ಪ್ರಸಿದ್ಧವಾಗಿದೆ. ಇಬ್ಬರು ಮೇಜಿನ ಬಳಿ ಕುಳಿತು ಸಾಮಾನ್ಯ ಮಾತುಕತೆಯಲ್ಲಿದ್ದಾರೆ, ಇದ್ದಕ್ಕಿದ್ದಂತೆ ಮೇಜಿನಡಿಯ ಬಾಂಬ್ ಸಿಡಿಯುತ್ತದೆ ಎಂದುಕೊಳ್ಳಿ. ಪ್ರೇಕ್ಷಕರಿಗೆ ಹದಿನೈದು ಸೆಕೆಂಡುಗಳ ಆಘಾತ ಸಿಗುತ್ತದೆ, ಅಷ್ಟೆ. ಅದೇ ಬಾಂಬನ್ನು ಪ್ರೇಕ್ಷಕರಿಗೆ ಮೊದಲೇ ತೋರಿಸಿ, ಅದು ಸಿಡಿಯುವ ಹೊತ್ತನ್ನೂ ತಿಳಿಸಿ, ಆಮೇಲೆ ಅದೇ ಸಾಮಾನ್ಯ ಮಾತುಕತೆಯನ್ನು ನಡೆಯಗೊಟ್ಟರೆ ಹದಿನೈದು ನಿಮಿಷ ಅವರು ಕುರ್ಚಿಯ ತುದಿಯಲ್ಲಿ ಕುಳಿತಿರುತ್ತಾರೆ. ಈಗ ಆ ಇಬ್ಬರನ್ನು ಎಚ್ಚರಿಸಬೇಕೆಂಬ ತಹತಹ ಪ್ರೇಕ್ಷಕರಲ್ಲಿ ಹುಟ್ಟುತ್ತದೆ. ತೆರೆಯ ಮೇಲಿನ ಅಪರಿಚಿತನ ಬಗ್ಗೆ ಹುಟ್ಟುವ ಆ ಕಾಳಜಿಯೇ ಹಿಚ್‌ಕಾಕ್ ಅವರ ನಿಜವಾದ ವಸ್ತು. ಈ ದೃಶ್ಯದಲ್ಲಿ ಯಾರಿಗೆ ಏನು ಗೊತ್ತಿದೆ, ಯಾರಿಗೆ ಗೊತ್ತಿಲ್ಲ, ಪ್ರೇಕ್ಷಕರು ಯಾರ ಪಕ್ಕದಲ್ಲಿದ್ದಾರೆ ಎಂಬ ಒಂದೇ ಪ್ರಶ್ನೆಯನ್ನು ಅವರು ಐವತ್ತು ವರ್ಷ ಬೇರೆ ಬೇರೆ ರೀತಿಯಲ್ಲಿ ಕೇಳಿಕೊಂಡರು. ಅವರ ವೃತ್ತಿಜೀವನವನ್ನು ನಾನು ನೋಡುವುದು ಈ ಪ್ರಶ್ನೆ ಬೆಳೆದ ದಾರಿಯಾಗಿ.

ಹಿಚ್‌ಕಾಕ್ ಹುಟ್ಟಿದ್ದು 1899ರ ಆಗಸ್ಟ್ 13ರಂದು, ಲಂಡನ್ ಅಂಚಿನ ಲೇಟನ್‌ಸ್ಟೋನ್‌ನಲ್ಲಿ. ತಂದೆ ತರಕಾರಿ ಮತ್ತು ಕೋಳಿ ವ್ಯಾಪಾರಿ, ಮನೆತನ ಕ್ಯಾಥೊಲಿಕ್, ಓದಿದ್ದು ಜೆಸುಯಿಟ್ ಪಾದ್ರಿಗಳ ಶಾಲೆಯಲ್ಲಿ. ಹೆನ್ಲಿ ಎಂಬ ಟೆಲಿಗ್ರಾಫ್ ಕೇಬಲ್ ಕಂಪನಿಯಲ್ಲಿ ಗುಮಾಸ್ತರಾಗಿ ಸೇರಿ ಅದರ ಜಾಹೀರಾತು ವಿಭಾಗಕ್ಕೆ ಬಂದರು. ಅಲ್ಲಿಂದ ಲಂಡನ್ನಿನ ಇಸ್ಲಿಂಗ್ಟನ್‌ನಲ್ಲಿದ್ದ ಅಮೆರಿಕನ್ ಸ್ಟುಡಿಯೋ ಒಂದರಲ್ಲಿ ಮೂಕಿಚಿತ್ರಗಳ ಶೀರ್ಷಿಕೆ ಫಲಕಗಳನ್ನು (ದೃಶ್ಯಗಳ ನಡುವೆ ಮಾತು, ವಿವರಗಳನ್ನು ತೋರಿಸುವ ಬರಹದ ಫಲಕಗಳು) ಚಿತ್ರಿಸುವ ಕೆಲಸಕ್ಕೆ ಸೇರಿದರು. ಇದನ್ನು ಸಣ್ಣ ಕೆಲಸವೆಂದು ಭಾವಿಸಬೇಡಿ. ಚಿತ್ರವೇ ಹೇಳಿಬಿಡುವ ವಿಷಯಕ್ಕೆ ಫಲಕದ ಮಾತು ಬೇಕಿಲ್ಲ ಎಂಬ ಲೆಕ್ಕಾಚಾರವನ್ನು ದಿನವೂ ಮಾಡಬೇಕಾದ ಜಾಗ ಅದು. ಅದೇ ಸ್ಟುಡಿಯೋದಲ್ಲಿ ಸಂಕಲನದ ಕೆಲಸದಲ್ಲಿದ್ದ ಆಲ್ಮಾ ರೆವಿಲ್ ಅವರ ಪರಿಚಯವಾಯಿತು. 1926ರ ಡಿಸೆಂಬರ್‌ನಲ್ಲಿ ಮದುವೆಯಾದ ಇಬ್ಬರೂ ಕೊನೆಯವರೆಗೆ ಜೊತೆಯಾಗಿ ಕೆಲಸ ಮಾಡಿದರು.

ಇದರ ನಡುವೆ ಜರ್ಮನಿಯ ಬಾಬೆಲ್ಸ್‌ಬರ್ಗ್ ಸ್ಟುಡಿಯೋಗೆ ಹೋಗುವ ಅವಕಾಶ ಒದಗಿತು. ಶೀರ್ಷಿಕೆ ಫಲಕಗಳನ್ನು ಬಹುತೇಕ ಕೈಬಿಟ್ಟು, ಬರೀ ಕ್ಯಾಮೆರಾದ ಚಲನೆಯಿಂದ ಕಥೆ ಹೇಳಿದ ಚಿತ್ರವೊಂದನ್ನು 1924ರಲ್ಲಿ ಎಫ್. ಡಬ್ಲ್ಯು. ಮುರ್ನೌ ಅಲ್ಲಿ ತೆಗೆಯುತ್ತಿದ್ದರು. ಹಿಚ್‌ಕಾಕ್ ಆ ಕೆಲಸವನ್ನು ಹತ್ತಿರದಿಂದ ಕಂಡರು. ಚಲನಚಿತ್ರವೆಂದರೆ ಮೊದಲು ದೃಶ್ಯ, ಮಾತು ಏನಿದ್ದರೂ ಆಮೇಲೆ ಎಂಬ ನಂಬಿಕೆ ಅವರಲ್ಲಿ ಗಟ್ಟಿಯಾದದ್ದು ಇಲ್ಲಿ.

ನಿಮ್ಮ ಕಿರುಚಿತ್ರಕ್ಕೆ ನೇರವಾಗಿ ಸಂಬಂಧಿಸಿದ ಸಂಗತಿ ಇಲ್ಲಿಂದ ಆರಂಭವಾಗುತ್ತದೆ. ಹಿಚ್‌ಕಾಕ್ ತಮ್ಮ ದಾರಿಯನ್ನು ಕಂಡುಕೊಂಡ ಮೊದಲ ಚಿತ್ರ ‘ದಿ ಲಾಡ್ಜರ್’ ಮಂಜಿನ ಚಿತ್ರ. ‘ಲಂಡನ್ ಮಂಜಿನ ಒಂದು ಕಥೆ’ ಎಂಬುದೇ ಅದರ ಉಪಶೀರ್ಷಿಕೆ. ಹೊಂಬಣ್ಣದ ಕೂದಲಿನ ಯುವತಿಯರನ್ನು ಕೊಲ್ಲುವವನೊಬ್ಬ ಊರಲ್ಲಿ ಅಡ್ಡಾಡುತ್ತಿರುವಾಗ, ಮುಖಕ್ಕೆ ಶಾಲು ಸುತ್ತಿಕೊಂಡ ಒಬ್ಬ ಯುವಕ ಮಂಜಿನ ನಡುವಿನಿಂದ ಬಂದು ಬಾಡಿಗೆ ಕೋಣೆ ಕೇಳುತ್ತಾನೆ. ಆದರೆ ಆ ಚಿತ್ರದಲ್ಲಿ ನೆನಪಿನಲ್ಲಿ ಉಳಿಯುವುದು ಮಂಜಿಗಿಂತ ಹೆಚ್ಚಾಗಿ ಮನೆಯ ಸೂರು. ಮಹಡಿಯ ಮೇಲೆ ಆ ಯುವಕ ಅತ್ತಿಂದಿತ್ತ ಓಡಾಡುವ ಸದ್ದು ಕೆಳಗಿನವರಿಗೆ ಕೇಳಿಸುತ್ತಿದೆ. ಚಿತ್ರವೋ ಮೂಕಿ. ಹಿಚ್‌ಕಾಕ್ ದಪ್ಪ ಗಾಜಿನ ನೆಲವೊಂದನ್ನು ಮಾಡಿಸಿ, ನಟನನ್ನು ಅದರ ಮೇಲೆ ನಡೆಸಿ, ಕೆಳಗಿನಿಂದ ಚಿತ್ರೀಕರಿಸಿದರು. ತೂಗಾಡುವ ದೀಪ, ಅದರಾಚೆಗೆ ಸೂರನ್ನೇ ತೂರಿ ಕಾಣುವ ಎರಡು ಅಂಗಾಲು. ಕಿವಿಗೆ ಕೇಳಿಸಬೇಕಾದದ್ದನ್ನು ಅವರು ಕಣ್ಣಿಗೆ ಕಾಣಿಸಿಬಿಟ್ಟರು.

1929ರ ‘ಬ್ಲ್ಯಾಕ್‌ಮೇಲ್’ ಅರ್ಧ ದಾರಿಯಲ್ಲಿ ಟಾಕಿಯಾಗಿ ಮಾರ್ಪಟ್ಟ ಚಿತ್ರ. ಧ್ವನಿ ಆಗತಾನೇ ಬಂದಿತ್ತು, ಉಳಿದವರು ಸಂಭಾಷಣೆ ತುಂಬುವುದರಲ್ಲಿ ಮಗ್ನರಾಗಿದ್ದರು. ಇಲ್ಲಿ ಮೈಮೇಲೆ ಬಿದ್ದ ಚಿತ್ರಕಾರನೊಬ್ಬನನ್ನು ಆಲಿಸ್ ಎಂಬ ಯುವತಿ ಆತ್ಮರಕ್ಷಣೆಗಾಗಿ ಚಾಕುವಿನಿಂದ ಇರಿದು ಮನೆಗೆ ಮರಳಿದ್ದಾಳೆ. ಬೆಳಗಿನ ತಿಂಡಿಯ ಹೊತ್ತಿಗೆ ನೆರೆಯ ಹೆಂಗಸೊಬ್ಬಳು ಬಾಗಿಲಲ್ಲಿ ನಿಂತು ರಾತ್ರಿಯ ಕೊಲೆಯ ಬಗ್ಗೆ ಹರಟುತ್ತಿದ್ದಾಳೆ. ಹರಟೆ ಮುಂದುವರಿದಂತೆ ಅವಳ ಮಾತುಗಳೆಲ್ಲ ಕಲಸಿಹೋಗಿ ಅಸ್ಪಷ್ಟ ಗುಂಯ್‌ಗುಟ್ಟುವಿಕೆಯಾಗುತ್ತವೆ. ‘ಚಾಕು’ ಎಂಬ ಒಂದು ಶಬ್ದ ಮಾತ್ರ ಮತ್ತೆ ಮತ್ತೆ ಹರಿತವಾಗಿ ಕೇಳಿಸುತ್ತದೆ. ಅದೇ ಗಳಿಗೆಯಲ್ಲಿ ತಂದೆ ಬ್ರೆಡ್ ಕತ್ತರಿಸಲು ಹೇಳುತ್ತಾರೆ, ಅವಳ ಕೈಯಿಂದ ಚಾಕು ಚಿಮ್ಮಿ ಬೀಳುತ್ತದೆ. ಆ ಮೇಜಿನ ಸುತ್ತ ಇರುವವರಲ್ಲಿ ನಡೆದದ್ದು ಗೊತ್ತಿರುವುದು ಅವಳೊಬ್ಬಳಿಗೆ. ಪ್ರೇಕ್ಷಕರು ಅವಳ ಕಿವಿಯೊಳಗೆ ಕುಳಿತಿದ್ದಾರೆ. ಟಾಕಿ ಯುಗದ ಆರಂಭದಲ್ಲೇ ಶಬ್ದವನ್ನು ಹೀಗೆ ಒಂದು ಮನಸ್ಸಿನ ಒಳಗಿನಿಂದ ಕೇಳಿಸಿದ್ದು ನನಗೆ ಇಂದಿಗೂ ಬೆರಗು ಹುಟ್ಟಿಸುತ್ತದೆ.

ಬ್ರಿಟನ್ನಿನ ಉಳಿದ ಮೂವತ್ತರ ದಶಕವನ್ನು ಬೇಗ ದಾಟಬಹುದು. ‘ದಿ 39 ಸ್ಟೆಪ್ಸ್’ (1935) ಮತ್ತು ‘ದಿ ಲೇಡಿ ವ್ಯಾನಿಶಸ್’ (1938) ಚುರುಕಾದ ಚಿತ್ರಗಳು, ಇಂದು ನೋಡಿದರೂ ಎಲ್ಲಿಯೂ ಜಡವೆನಿಸುವುದಿಲ್ಲ. ಒಂದು ಚಿತ್ರದ ಬಳಿ ಮಾತ್ರ ನಿಲ್ಲಬೇಕು. ‘ಸ್ಯಾಬಟಾಜ್’ನಲ್ಲಿ (1936) ಒಬ್ಬ ಹುಡುಗ ತನಗೆ ಅರಿವಿಲ್ಲದೆಯೇ ಟೈಂ ಬಾಂಬ್ ಇರುವ ಪೊಟ್ಟಣವನ್ನು ಹೊತ್ತು ಲಂಡನ್ ಬೀದಿಗಳಲ್ಲಿ ಸಾಗುತ್ತಾನೆ, ಅಲ್ಲಲ್ಲಿ ನಿಲ್ಲುತ್ತಾನೆ, ತಡಮಾಡುತ್ತಾನೆ, ಬಸ್ ಹತ್ತುತ್ತಾನೆ, ಪಕ್ಕದ ನಾಯಿಮರಿಯೊಂದಿಗೆ ಆಡುತ್ತಾನೆ. ಬಾಂಬ್ ಸಿಡಿದು ಹುಡುಗನೂ ಬಸ್ಸಿನಲ್ಲಿದ್ದವರೂ ಸಾಯುತ್ತಾರೆ. ಅಷ್ಟು ಹೊತ್ತು ಪ್ರೇಕ್ಷಕರಲ್ಲಿ ಕಾಳಜಿ ಬೆಳೆಸಿ, ಅದಕ್ಕೆ ಬಿಡುಗಡೆಯನ್ನೇ ಕೊಡದೆ ಸಿಡಿಸಿದ್ದು ತಪ್ಪಾಯಿತೆಂದು ಹಿಚ್‌ಕಾಕ್ ಮುಂದೆ ಹೇಳಿದರು. ಈ ವಿಷಯದಲ್ಲಿ ನಾನು ಅವರೊಂದಿಗೆ ಪೂರ್ತಿ ಒಪ್ಪುವುದಿಲ್ಲ. ಆ ಸಾವಿನ ನಂತರ ಹುಡುಗನ ಅಕ್ಕ ಊಟದ ಮೇಜಿನಲ್ಲಿ, ಆ ಪೊಟ್ಟಣ ಕೊಟ್ಟು ಕಳಿಸಿದ್ದ ತನ್ನ ಗಂಡನನ್ನು ನೋಡುವ ನೋಟ, ಅವಳ ಕೈಯಲ್ಲಿರುವ ಚಾಕು, ಅದರತ್ತ ಸರಿಯುವ ಅವನ ಕಣ್ಣು, ಇವು ಮೂರೂ ಒಂದೂ ಮಾತಿಲ್ಲದೆ ಹೆಣೆದುಕೊಳ್ಳುವ ಆ ದೃಶ್ಯ ಹುಡುಗ ಬದುಕಿದ್ದರೆ ಸಾಧ್ಯವೇ ಆಗುತ್ತಿರಲಿಲ್ಲ.

1939ರಲ್ಲಿ ನಿರ್ಮಾಪಕ ಡೇವಿಡ್ ಸೆಲ್ಜ್‌ನಿಕ್ ಅವರೊಂದಿಗಿನ ಒಪ್ಪಂದದ ಮೇಲೆ ಹಿಚ್‌ಕಾಕ್ ಅಮೆರಿಕಕ್ಕೆ ಹೋದರು. ಅಲ್ಲಿನ ಮೊದಲ ಚಿತ್ರ ‘ರೆಬೆಕ್ಕಾ’ಗೆ (1940) ಅತ್ಯುತ್ತಮ ಚಿತ್ರದ ಆಸ್ಕರ್ ಬಂತು. ಅತ್ಯುತ್ತಮ ನಿರ್ದೇಶಕ ಪ್ರಶಸ್ತಿಗೆ ಐದು ಸಲ ನಾಮನಿರ್ದೇಶನಗೊಂಡರೂ ಅದು ಅವರಿಗೆ ಒಮ್ಮೆಯೂ ಸಿಗಲಿಲ್ಲ.

ಕೊಡಗಿನಲ್ಲಿ ಕುಳಿತು ಸಸ್ಪೆನ್ಸ್ ಚಿತ್ರ ಬರೆಯುವವರು ಎಲ್ಲಕ್ಕಿಂತ ಮೊದಲು ನೋಡಬೇಕಾದದ್ದು 1943ರ ‘ಶ್ಯಾಡೋ ಆಫ್ ಎ ಡೌಟ್’ ಎಂಬುದು ನನ್ನ ಖಚಿತ ಅಭಿಪ್ರಾಯ. ಕ್ಯಾಲಿಫೋರ್ನಿಯಾದ ಸಾಂಟಾ ರೋಸಾ ಎಂಬ ಸಣ್ಣ ಊರಿನಲ್ಲೇ ಬಹಳಷ್ಟು ಭಾಗವನ್ನು ಚಿತ್ರೀಕರಿಸಿದರು. ಚಿತ್ರಕಥೆಯಲ್ಲಿ ನಾಟಕಕಾರ ಥಾರ್ನ್‌ಟನ್ ವೈಲ್ಡರ್ ಅವರ ಕೈಯೂ ಇದೆ. ನಗರದಿಂದ ಚಾರ್ಲಿ ಮಾಮ ಬರುತ್ತಾನೆ. ಅಕ್ಕನಿಗೆ ಅವನೆಂದರೆ ಪ್ರಾಣ. ಸೊಸೆಗೆ ಅವನದೇ ಹೆಸರಿಟ್ಟಿದ್ದಾರೆ, ಅವಳೂ ಚಾರ್ಲಿ. ಮಾಮ ತಂದುಕೊಟ್ಟ ಉಂಗುರದೊಳಗೆ ಬೇರೆ ಯಾರದೋ ಹೆಸರಿನ ಅಕ್ಷರಗಳು ಕೆತ್ತಿವೆ. ಅವನು ಹರಿದು ಅಡಗಿಸಿದ ಪತ್ರಿಕೆಯ ಸುದ್ದಿಯನ್ನು ಅವಳು ಗ್ರಂಥಾಲಯಕ್ಕೆ ಓಡಿಹೋಗಿ ಓದುತ್ತಾಳೆ. ಶ್ರೀಮಂತ ವಿಧವೆಯರನ್ನು ಕೊಂದವನು ತಮ್ಮ ಮನೆಯ ಮಹಡಿಯಲ್ಲಿ ಮಲಗುತ್ತಿದ್ದಾನೆಂದು ತಿಳಿದುಬಿಡುತ್ತದೆ. ಯಾರಿಗೆ ಹೇಳುವುದು? ಹೇಳಿದರೆ ತಾಯಿಯ ಎದೆ ಒಡೆಯುತ್ತದೆ. ಅವಳು ಮೌನವಾಗಿರುತ್ತಾಳೆ, ಆ ಮೌನವೇ ಅವಳ ಜೀವಕ್ಕೆ ಸಂಚಕಾರ ತರುತ್ತದೆ.

ಈ ಚಿತ್ರದ ಒಂದು ದೃಶ್ಯವನ್ನು ಮತ್ತೆ ಮತ್ತೆ ನೋಡಿ. ಪೊಲೀಸರು ಬೆನ್ನಟ್ಟಿದ್ದ ಇನ್ನೊಬ್ಬ ಶಂಕಿತ ಸತ್ತನೆಂಬ ಸುದ್ದಿ ಬಂದಿದೆ, ಇನ್ನು ತನ್ನನ್ನು ಯಾರೂ ಹುಡುಕುವುದಿಲ್ಲ. ಮಾಮ ಹುರುಪಿನಿಂದ ಮೆಟ್ಟಿಲುಗಳನ್ನು ಎರಡೆರಡಾಗಿ ಹತ್ತುತ್ತಾನೆ. ನಡುವೆ ಏನೋ ನೆನಪಾದಂತೆ ನಿಧಾನಿಸಿ ಹಿಂತಿರುಗುತ್ತಾನೆ. ಕೆಳಗೆ ತೆರೆದ ಬಾಗಿಲಿನ ಚೌಕಟ್ಟಿನಲ್ಲಿ, ಬಿಸಿಲಿಗೆ ಬೆನ್ನು ಮಾಡಿ ಸೊಸೆ ನಿಂತಿದ್ದಾಳೆ. ಪೊಲೀಸರಿಗೆ ಗೊತ್ತಿಲ್ಲ, ಆದರೆ ಇವಳಿಗೆ ಗೊತ್ತು ಎಂಬುದು ಅವನಿಗೆ ಹೊಳೆದದ್ದು ಅವನ ಬೆನ್ನು ಸೆಟೆದುಕೊಳ್ಳುವುದರಲ್ಲಿ ನಮಗೆ ತಿಳಿಯುತ್ತದೆ. ಒಕ್ಕದ (ಕೊಡವ ಮನೆತನದ) ಮಾನ, ಬಂಧುಗಳ ನಡುವಿನ ದಾಕ್ಷಿಣ್ಯ, ಊರಿನ ಎಲ್ಲರಿಗೂ ಎಲ್ಲರ ಪರಿಚಯ ಇರುವ ನಮ್ಮ ಜಿಲ್ಲೆಯಲ್ಲಿ ಇದು ಪರದೇಶದ ಕಥೆ ಎನಿಸುವುದೇ ಇಲ್ಲ. ಐನ್‌ಮನೆಯ (ಒಕ್ಕದ ಮೂಲಮನೆಯ) ನೆಲ್ಲಕ್ಕಿ ನಡುಬಾಡೆಯಲ್ಲಿ, ಅಂದರೆ ದೀಪವಿರುವ ನಡುಮನೆಯಲ್ಲಿ, ಪುತ್ತರಿ ಎಂಬ ಸುಗ್ಗಿ ಹಬ್ಬದ ದಿನ ಇಡೀ ಒಕ್ಕ ಸೇರಿರುವಾಗ, ಒಬ್ಬಳಿಗೆ ಮಾತ್ರ ಗೊತ್ತಿರುವ ಒಂದು ಸತ್ಯವನ್ನು ಅಲ್ಲಿಟ್ಟು ನೋಡಿ. ಅದಕ್ಕೆ ಮಂಜಾಗಲಿ ಮಳೆಯಾಗಲಿ ಬೇಕಿಲ್ಲ.

1946ರ ‘ನಟೋರಿಯಸ್’ ಅವರ ಚಿತ್ರಗಳಲ್ಲೇ ಅತ್ಯಂತ ಬಿಗಿಯಾದದ್ದು. ಅಮೆರಿಕದ ಗೂಢಚಾರಳಾಗಿ ಶತ್ರುವನ್ನು ಮದುವೆಯಾದ ಹೆಣ್ಣಾಗಿ ಇಂಗ್ರಿಡ್ ಬರ್ಗ್‌ಮನ್ ನಟಿಸಿದ್ದಾರೆ. ದೊಡ್ಡ ಔತಣಕೂಟದ ದೃಶ್ಯದಲ್ಲಿ ಕ್ಯಾಮೆರಾ ಮಹಡಿಯ ಎತ್ತರದಿಂದ ಇಡೀ ಸಭಾಂಗಣವನ್ನು ನೋಡುತ್ತಾ ಆರಂಭಿಸಿ, ಕಟ್ ಇಲ್ಲದೆ ಇಳಿಯುತ್ತಾ ಬಂದು, ಅವಳ ಮುಚ್ಚಿದ ಮುಷ್ಟಿಯಲ್ಲಿರುವ ನೆಲಮಾಳಿಗೆಯ ಕೀಲಿಯ ಮೇಲೆ ನಿಲ್ಲುತ್ತದೆ. ಅಷ್ಟು ಜನ, ಅಷ್ಟು ಬೆಳಕು, ಅಷ್ಟು ಸಂಗೀತದ ನಡುವೆ ಮುಖ್ಯವಾದದ್ದು ಇಷ್ಟೇ ಎಂದು ಅದು ಹೇಳುತ್ತದೆ. ಆಮೇಲೆ ಕಾಲವನ್ನು ಅಳೆಯುವ ಕೆಲಸವನ್ನು ಶಾಂಪೇನ್ ಬಾಟಲಿಗಳು ಮಾಡುತ್ತವೆ. ಅತಿಥಿಗಳು ಕುಡಿದಂತೆಲ್ಲ ಬಾಟಲಿಗಳು ಮುಗಿಯುತ್ತಿವೆ. ಮುಗಿದರೆ ಗಂಡ ನೆಲಮಾಳಿಗೆಗೆ ಬರುತ್ತಾನೆ, ಕೀಲಿ ಕಾಣೆಯಾಗಿರುವುದು ತಿಳಿಯುತ್ತದೆ. ಗಡಿಯಾರವನ್ನು ತೋರಿಸದೆ ಗಡುವನ್ನು ತೋರಿಸುವ ಇಷ್ಟು ಸೊಗಸಾದ ಉಪಾಯವನ್ನು ನಾನು ಬೇರೆಲ್ಲೂ ಕಂಡಿಲ್ಲ.

ನಂತರದ ಕೆಲವು ವರ್ಷಗಳು ಏರಿಳಿತದವು. ಹತ್ತು ನಿಮಿಷಗಳವರೆಗಿನ ದೀರ್ಘ ಶಾಟ್‌ಗಳಲ್ಲಿ ತೆಗೆದ ‘ರೋಪ್’ (1948) ಅವರ ಮೊದಲ ವರ್ಣಚಿತ್ರ, ಸಾಹಸವೇನೋ ಹೌದು. ಆದರೆ ಕಟ್ ಮಾಡುವ ಶಕ್ತಿಯನ್ನು ಬಿಟ್ಟುಕೊಟ್ಟ ಹಿಚ್‌ಕಾಕ್ ಅರ್ಧ ಹಿಚ್‌ಕಾಕ್ ಎಂದೇ ನನಗೆ ತೋರುತ್ತದೆ. ‘ಅಂಡರ್ ಕ್ಯಾಪ್ರಿಕಾರ್ನ್’ ಸೋತಿತು. 1951ರ ‘ಸ್ಟ್ರೇಂಜರ್ಸ್ ಆನ್ ಎ ಟ್ರೇನ್’ನೊಂದಿಗೆ ಅವರು ಮತ್ತೆ ಲಯಕ್ಕೆ ಬಂದರು. ಮುಂದಿನ ಹತ್ತು–ಹನ್ನೆರಡು ವರ್ಷ ಅವರದೇ ಸುವರ್ಣಕಾಲ. ಛಾಯಾಗ್ರಾಹಕ ರಾಬರ್ಟ್ ಬರ್ಕ್ಸ್, ಸಂಕಲನಕಾರ ಜಾರ್ಜ್ ತೊಮಸಿನಿ, ಸಂಗೀತ ನಿರ್ದೇಶಕ ಬರ್ನಾರ್ಡ್ ಹರ್ಮನ್, ವಸ್ತ್ರವಿನ್ಯಾಸಕಿ ಈಡಿತ್ ಹೆಡ್ ಅವರಂಥವರ ತಂಡ ಈ ಅವಧಿಯಲ್ಲೇ ಕೂಡಿಬಂತು. ಹಿಚ್‌ಕಾಕ್ ಒಬ್ಬರೇ ಎಲ್ಲವನ್ನೂ ಮಾಡಿದರೆಂಬಂತೆ ಬರೆಯುವವರು ಈ ಹೆಸರುಗಳನ್ನು ಮರೆಯುತ್ತಾರೆ. ಹೆಂಡತಿ ಆಲ್ಮಾ ಅವರನ್ನಂತೂ ಇನ್ನೂ ಹೆಚ್ಚಾಗಿ ಮರೆಯುತ್ತಾರೆ.

‘ರಿಯರ್ ವಿಂಡೋ’ (1954) ಇಡೀ ಒಂದು ವಠಾರದ ಹಿತ್ತಿಲನ್ನು ಪ್ಯಾರಾಮೌಂಟ್ ಸ್ಟುಡಿಯೋದೊಳಗೆ ಕಟ್ಟಿ ತೆಗೆದ ಚಿತ್ರ. ಕಾಲು ಮುರಿದು ಗಾಲಿಕುರ್ಚಿಯಲ್ಲಿ ಕುಳಿತ ಫೋಟೊಗ್ರಾಫರ್ ಎದುರಿನ ಕಿಟಕಿಗಳನ್ನು ನೋಡುತ್ತಾ ಹೊತ್ತು ಕಳೆಯುತ್ತಾನೆ, ಒಬ್ಬ ನೆರೆಯವನು ಹೆಂಡತಿಯನ್ನು ಕೊಂದಿದ್ದಾನೆಂಬ ಅನುಮಾನ ಅವನಿಗೆ ಬರುತ್ತದೆ. ಸಾಕ್ಷ್ಯ ಹುಡುಕಲು ಅವನ ಪ್ರೇಯಸಿ ಆ ಮನೆಗೆ ನುಗ್ಗಿದ್ದಾಳೆ, ಆ ಹೊತ್ತಿಗೆ ಕೊಲೆಗಾರ ಮರಳಿದ್ದಾನೆ, ಪೊಲೀಸರೂ ಬಂದಿದ್ದಾರೆ. ಸತ್ತವಳ ಉಂಗುರ ತನ್ನ ಬೆರಳಲ್ಲಿದೆ ಎಂದು ಅವಳು ಕೈಯನ್ನು ಬೆನ್ನ ಹಿಂದೆ ಮಾಡಿ ಎದುರಿನ ಕಿಟಕಿಯತ್ತ ಸನ್ನೆ ಮಾಡುತ್ತಾಳೆ. ಕೊಲೆಗಾರ ಆ ಸನ್ನೆಯನ್ನು ನೋಡುತ್ತಾನೆ. ಅದು ಯಾರಿಗೆಂದು ಯೋಚಿಸಿ ನಿಧಾನವಾಗಿ ತಲೆಯೆತ್ತುತ್ತಾನೆ. ನೇರ ಕ್ಯಾಮೆರಾವನ್ನೇ, ಅಂದರೆ ನಮ್ಮನ್ನೇ ನೋಡುತ್ತಾನೆ. ಅಲ್ಲಿಯವರೆಗೆ ಕತ್ತಲಲ್ಲಿ ಕುಳಿತು ಪರರ ಬದುಕನ್ನು ಇಣುಕುತ್ತಿದ್ದ ಪ್ರೇಕ್ಷಕರು ಸಿಕ್ಕಿಬೀಳುವ ಗಳಿಗೆ ಅದು. ಕೊಲೆಯ ಕಥೆ ಯಾಕೆ ದೊಡ್ಡ ಕಲೆಯಾಗಬಲ್ಲದು ಎಂದು ಕೇಳಿದ ನಿಮ್ಮ ಗೆಳೆಯರಿಗೆ ಈ ಒಂದು ಶಾಟ್ ತೋರಿಸಿ.

‘ವರ್ಟಿಗೋ’ದಲ್ಲಿ (1958) ಹಿಚ್‌ಕಾಕ್ ತೆಗೆದುಕೊಂಡ ಒಂದು ನಿರ್ಧಾರ ಅವರ ಇಡೀ ಕಲೆಯ ಕೀಲಿಕೈ. ಬುವಾಲೋ ಮತ್ತು ನಾರ್ಸೆಜಾಕ್ ಎಂಬ ಫ್ರೆಂಚ್ ಜೋಡಿ ಬರೆದ ಮೂಲ ಕಾದಂಬರಿಯಲ್ಲಿ, ಸತ್ತ ಪ್ರೇಯಸಿಯನ್ನು ಹೋಲುವ ಎರಡನೆಯ ಹೆಣ್ಣು ನಿಜಕ್ಕೂ ಯಾರೆಂಬುದು ಕೊನೆಯಲ್ಲಿ ಬಯಲಾಗುತ್ತದೆ. ಹಿಚ್‌ಕಾಕ್ ಅದನ್ನು ಚಿತ್ರದ ಮೂರನೆಯ ಎರಡು ಭಾಗ ಕಳೆದೊಡನೆಯೇ ಅವಳ ಬಾಯಿಂದಲೇ ಪ್ರೇಕ್ಷಕರಿಗೆ ಹೇಳಿಸಿಬಿಟ್ಟರು. ಒಗಟು ಹೋಯಿತು, ಅದರ ಜಾಗಕ್ಕೆ ಸಂಕಟ ಬಂತು. ನಾಯಕ ಅವಳಿಗೆ ಹಳೆಯ ಉಡುಪು ತೊಡಿಸುವಾಗ, ಕೂದಲಿನ ಬಣ್ಣ ಬದಲಿಸುವಾಗ, ನಮಗೆ ಇಬ್ಬರ ಮೇಲೂ ಕನಿಕರ ಹುಟ್ಟುತ್ತದೆ. ಬಿಡುಗಡೆಯಾದಾಗ ಚಿತ್ರಕ್ಕೆ ಮಿಶ್ರ ಪ್ರತಿಕ್ರಿಯೆ ಸಿಕ್ಕಿತು. ಬಹಳ ಕಾಲ ಅದು ಚಲಾವಣೆಯಲ್ಲೇ ಇರಲಿಲ್ಲ, ಎಂಬತ್ತರ ದಶಕದಲ್ಲಿ ಮರುಬಿಡುಗಡೆಯಾಯಿತು. ‘ಸೈಟ್ ಆ್ಯಂಡ್ ಸೌಂಡ್’ ಪತ್ರಿಕೆಯ 2012ರ ವಿಮರ್ಶಕರ ಮತದಾನದಲ್ಲಿ ಸಾರ್ವಕಾಲಿಕ ಶ್ರೇಷ್ಠ ಚಿತ್ರಗಳ ಪಟ್ಟಿಯಲ್ಲಿ ಮೊದಲ ಸ್ಥಾನ ಪಡೆಯಿತು, 2022ರಲ್ಲಿ ಎರಡನೆಯದಾಯಿತು.

‘ವರ್ಟಿಗೋ’ದ ಮರುವರ್ಷ, 1959ರಲ್ಲಿ ಬಂದ ‘ನಾರ್ತ್ ಬೈ ನಾರ್ತ್‌ವೆಸ್ಟ್’ ಚಿತ್ರದಲ್ಲಿ ಸಸ್ಪೆನ್ಸ್‌ಗೆ ಮಂಜು, ಮಳೆ ಬೇಕೇ ಬೇಕೇ ಎಂಬುದಕ್ಕೆ ನೇರ ಉತ್ತರವಿದೆ. ಒಬ್ಬನನ್ನು ಕೊಲ್ಲಲು ಒಂದು ಜಾಗಕ್ಕೆ ಕರೆಸಬೇಕು. ರೂಢಿಯೆಂದರೆ ರಾತ್ರಿ, ಒದ್ದೆ ಬೀದಿ, ಬೀದಿದೀಪದ ಕೆಳಗೆ ಒಂಟಿ ಮನುಷ್ಯ, ಕಿಟಕಿಯಲ್ಲಿ ಇಣುಕುವ ಮುಖ. ಅದೆಲ್ಲವೂ ಸವಕಲಾದದ್ದೆಂದು ಹಿಚ್‌ಕಾಕ್ ಉದ್ದೇಶಪೂರ್ವಕವಾಗಿ ಅದಕ್ಕೆ ತದ್ವಿರುದ್ಧವಾದದ್ದನ್ನು ಆರಿಸಿಕೊಂಡರು. ಹಗಲು, ಸುಡುಬಿಸಿಲು, ಮರವೂ ಮನೆಯೂ ಇಲ್ಲದ ಚಪ್ಪಟೆ ಬಯಲು. ಕಥೆಯಲ್ಲಿ ಅದು ಇಂಡಿಯಾನಾ, ಚಿತ್ರೀಕರಿಸಿದ್ದು ಕ್ಯಾಲಿಫೋರ್ನಿಯಾದ ಬೇಕರ್ಸ್‌ಫೀಲ್ಡ್ ಕಡೆ. ನಾಯಕ ಬಸ್ಸಿಳಿದು ನಿಲ್ಲುತ್ತಾನೆ. ಒಂದು ಕಾರು ಹಾದುಹೋಗುತ್ತದೆ, ಇನ್ನೊಂದು, ಮತ್ತೊಂದು. ರಸ್ತೆಯಾಚೆ ಒಬ್ಬ ಬಂದು ನಿಲ್ಲುತ್ತಾನೆ, ಅವನೇ ಇರಬಹುದೇ? ಅವನಲ್ಲ. ಬೆಳೆಯೇ ಇಲ್ಲದ ಕಡೆ ಆ ವಿಮಾನ ಔಷಧಿ ಸಿಂಪಡಿಸುತ್ತಿದೆಯಲ್ಲ ಎಂದು ಅಚ್ಚರಿಪಟ್ಟು ಅವನು ಬಸ್ ಹತ್ತಿ ಹೋಗಿಬಿಡುತ್ತಾನೆ. ಆಮೇಲೆ ವಿಮಾನ ತಿರುಗಿ ಬರುತ್ತದೆ. ವಿಮಾನ ಅಪ್ಪಳಿಸುವವರೆಗೂ ಸಂಗೀತದ ಒಂದು ಸ್ವರವೂ ಇಲ್ಲ. ಎಲ್ಲವೂ ಕಾಣುತ್ತಿದೆ, ಆದರೆ ಅಡಗಲು ಜಾಗವಿಲ್ಲ.

ನಮ್ಮ ತೋಟಗಳಲ್ಲಿ ಅಂಥ ಬಯಲು ಎಲ್ಲಿದೆ ಎಂದು ಕೇಳಬಹುದು. ಕಾಫಿ ಒಣಗಿಸುವ ಕಣ ಇದೆಯಲ್ಲ! ಸುತ್ತ ಸಿಲ್ವರ್ ಓಕ್ ಮತ್ತು ಮೆಣಸಿನ ಬಳ್ಳಿಗಳ ದಟ್ಟ ನೆರಳು, ನಡುವೆ ಜನವರಿಯ ಬಿಸಿಲಿನಲ್ಲಿ ಹೊಳೆಯುವ ಸಿಮೆಂಟಿನ ಚೌಕ, ಅದರ ತುಂಬ ಹರಡಿದ ಚೆರಿ. ಅದನ್ನು ಮಗುಚುತ್ತಾ ಒಬ್ಬಳು ಒಂಟಿಯಾಗಿ ನಿಂತಿದ್ದರೆ ನೆರಳಿನಲ್ಲಿರುವವರಿಗೆ ಅವಳು ಕಾಣುತ್ತಾಳೆ, ಅವಳಿಗೆ ಅವರು ಕಾಣುವುದಿಲ್ಲ. ಯಾರು ಯಾರನ್ನು ನೋಡಬಲ್ಲರು ಎಂಬ ಭೇದ ಆ ಜಾಗದಲ್ಲಿ ತಾನಾಗಿಯೇ ಇದೆ. ಮಂಜಿನಲ್ಲಾದರೋ ಇಬ್ಬರೂ ಸಮಾನವಾಗಿ ಕುರುಡರು. ಅಲ್ಲದೆ ಕೋವಿ ಗೋಡೆಯ ಮೇಲೆ ತೂಗುವುದು ನಮ್ಮಲ್ಲಿ ಎಷ್ಟು ಸಹಜವೆಂದರೆ, ಅದು ಆ ಜಾಗದಲ್ಲಿ ಇಲ್ಲದಿರುವುದನ್ನು ತೋರಿಸಿದರೆ ಸಾಕು, ಕೊಡಗಿನ ಪ್ರೇಕ್ಷಕರು ನೆಟ್ಟಗೆ ಕೂರುತ್ತಾರೆ.

‘ಸೈಕೋ’ (1960) ಬಗ್ಗೆ ನೀವು ಈಗಾಗಲೇ ಬಹಳ ಕೇಳಿರುತ್ತೀರಿ. ಸುಮಾರು ಎಂಟು ಲಕ್ಷ ಡಾಲರ್‌ಗಳಲ್ಲಿ, ಕಪ್ಪು–ಬಿಳುಪಿನಲ್ಲಿ, 1955ರಿಂದ ತಾವು ನಡೆಸುತ್ತಿದ್ದ ಟಿವಿ ಸರಣಿಯ ತಂಡವನ್ನೇ ಬಹುಪಾಲು ಬಳಸಿಕೊಂಡು ತೆಗೆದ ಚಿತ್ರವಿದು. ಕಡಿಮೆ ಹಣದಲ್ಲಿ ಕೆಲಸ ಮಾಡುವವರಿಗೆ ಇದು ಧೈರ್ಯ ಕೊಡಬೇಕು. ಸ್ನಾನಗೃಹದ ಕೊಲೆಯ ದೃಶ್ಯ ತೆರೆಯ ಮೇಲೆ ಒಂದು ನಿಮಿಷವೂ ಇಲ್ಲ, ಚಿತ್ರೀಕರಣಕ್ಕೆ ಹಿಡಿದದ್ದು ಏಳು ದಿನ. ರಕ್ತಕ್ಕೆ ಬಳಸಿದ್ದು ಚಾಕೊಲೇಟ್ ಸಿರಪ್. ಅಲ್ಲಿ ಸಂಗೀತವೇ ಬೇಡವೆಂದು ಹಿಚ್‌ಕಾಕ್ ಮೊದಲು ಹೇಳಿದ್ದರು. ಬರೀ ತಂತಿವಾದ್ಯಗಳಿಗೆ ಹರ್ಮನ್ ಬರೆದದ್ದನ್ನು ಕೇಳಿದ ಮೇಲೆ ಮನಸ್ಸು ಬದಲಿಸಿದರು. ಚಿತ್ರ ಸಿದ್ಧವಾದ ಮೇಲೆ ಸತ್ತುಬಿದ್ದ ನಾಯಕಿ ಉಸಿರಾಡಿದ್ದನ್ನು ಪತ್ತೆಹಚ್ಚಿದ್ದು ಆಲ್ಮಾ ಎಂದು ಹಿಚ್‌ಕಾಕ್ ಕುಟುಂಬದವರೇ ಹೇಳುತ್ತಿದ್ದರು. ಇಷ್ಟಾದರೂ ನನ್ನ ಮಟ್ಟಿಗೆ ಈ ಚಿತ್ರದ ದೊಡ್ಡ ಗಳಿಗೆ ಆಮೇಲೆ ಬರುತ್ತದೆ. ಕೊಲೆ ನಡೆದ ಮೋಟೆಲಿನ ಒಡೆಯ ನಾರ್ಮನ್ ಶವವಿರುವ ಕಾರನ್ನು ಜೌಗಿಗೆ ತಳ್ಳುತ್ತಾನೆ. ಕಾರು ಮುಳುಗುತ್ತಾ ಮುಳುಗುತ್ತಾ ಅರ್ಧಕ್ಕೆ ನಿಂತುಬಿಡುತ್ತದೆ. ಪ್ರೇಕ್ಷಕರ ಉಸಿರೂ ನಿಲ್ಲುತ್ತದೆ. ಮತ್ತೆ ಅದು ಮುಳುಗಿದಾಗ ಎಲ್ಲರಿಗೂ ನಿರಾಳ. ಕೆಲವೇ ನಿಮಿಷಗಳ ಹಿಂದೆ ಸತ್ತವಳಿಗಾಗಿ ಮರುಗಿದ್ದ ನಾವು, ಅವಳ ಕೊಲೆಯನ್ನು ಮುಚ್ಚಿಹಾಕುವವನು ಸಿಕ್ಕಿಬೀಳದಿರಲಿ ಎಂದು ಬಯಸಿದ್ದೇವೆ. ಕೊಲೆಗಾರ ಯಾರೆಂಬುದನ್ನು ಹಿಚ್‌ಕಾಕ್ ಕೊನೆಯವರೆಗೆ ಮುಚ್ಚಿಟ್ಟ ಅಪರೂಪದ ಚಿತ್ರ ಇದು, ಆದರೂ ಇದರ ಶಕ್ತಿ ಆ ಗುಟ್ಟಿನಲ್ಲಿಲ್ಲ. ಗುಟ್ಟು ಗೊತ್ತಿದ್ದೂ ಮತ್ತೆ ನೋಡುವವರಿಗೆ ಇದು ತಿಳಿಯುತ್ತದೆ.

‘ದಿ ಬರ್ಡ್ಸ್’ನಲ್ಲಿ (1963) ರೂಢಿಯ ಹಿನ್ನೆಲೆ ಸಂಗೀತವಿಲ್ಲ. ಹಕ್ಕಿಗಳ ದನಿ, ಟ್ರಾಟೋನಿಯಂ ಎಂಬ ವಿದ್ಯುನ್ಮಾನ ವಾದ್ಯದಿಂದ ಹೊಮ್ಮಿಸಿದ ಸದ್ದು, ಶಾಲೆಯೊಳಗಿಂದ ಬರುವ ಮಕ್ಕಳ ಹಾಡು, ಇಷ್ಟೇ. ನಾಯಕಿ ಶಾಲೆಯ ಹೊರಗೆ ಬೆಂಚಿನ ಮೇಲೆ ಕುಳಿತು ಸಿಗರೇಟು ಸೇದುತ್ತಾ ಕಾಯುತ್ತಿದ್ದಾಳೆ. ಅವಳ ಬೆನ್ನ ಹಿಂದೆ ಮಕ್ಕಳು ಆಡುವ ಕಬ್ಬಿಣದ ಚೌಕಟ್ಟಿನ ಮೇಲೆ ಒಂದು ಕಾಗೆ ಕೂರುತ್ತದೆ, ಆಮೇಲೆ ಇನ್ನೂ ಕೆಲವು. ನಮಗೆ ಕಾಣುತ್ತದೆ, ಅವಳಿಗೆ ಕಾಣುವುದಿಲ್ಲ. ಇನ್ನು ಎಷ್ಟು ಬಂದವೋ ಎಂದು ನಾವು ಚಡಪಡಿಸುವಾಗ ಕ್ಯಾಮೆರಾ ಅವಳ ಮುಖವನ್ನು ಬಿಟ್ಟು ಕದಲುವುದಿಲ್ಲ. ಕೊನೆಗೆ ಹಾರುವ ಒಂದು ಕಾಗೆಯನ್ನು ಅವಳ ಕಣ್ಣು ಹಿಂಬಾಲಿಸಿ ತಿರುಗಿದಾಗ ಆ ಚೌಕಟ್ಟಿಡೀ ಕಪ್ಪಾಗಿದೆ.

ಈ ಚಿತ್ರದ ಹೆಸರೆತ್ತಿದ ಮೇಲೆ ಇನ್ನೊಂದನ್ನು ಹೇಳದಿದ್ದರೆ ತಪ್ಪಾಗುತ್ತದೆ. ಅಟ್ಟದ ಮೇಲಿನ ದಾಳಿಯ ದೃಶ್ಯಕ್ಕಾಗಿ ಹಲವು ದಿನ ಜೀವಂತ ಹಕ್ಕಿಗಳನ್ನು ನಟಿ ಟಿಪ್ಪಿ ಹೆಡ್ರೆನ್ ಅವರ ಮೇಲೆ ಎಸೆಯಲಾಯಿತು, ಅವರು ಕುಸಿದುಹೋದರು. ಹಿಚ್‌ಕಾಕ್ ತಮಗೆ ಲೈಂಗಿಕ ಕಿರುಕುಳ ಕೊಟ್ಟರೆಂದು ಅವರು 2016ರ ಆತ್ಮಕಥೆಯಲ್ಲಿ ಬರೆದಿದ್ದಾರೆ. ಚಿತ್ರಗಳ ಸೊಬಗು ಈ ಮಾತನ್ನು ಮುಚ್ಚಲಾರದು, ಮುಚ್ಚಬಾರದು. ಹೆಣ್ಣೊಬ್ಬಳನ್ನು ತನ್ನ ಕಲ್ಪನೆಯ ಅಚ್ಚಿಗೆ ತುಂಬಲು ಹೊರಟವನ ಕ್ರೌರ್ಯವನ್ನು ‘ವರ್ಟಿಗೋ’ದಲ್ಲಿ ಅಷ್ಟು ಸ್ಪಷ್ಟವಾಗಿ ಕಂಡ ಕಲಾವಿದನ ವಿಷಯದಲ್ಲಿ ಇದು ಇನ್ನಷ್ಟು ನೋವಿನ ಸಂಗತಿ. ನಿಮ್ಮ ಚಿತ್ರೀಕರಣದಲ್ಲಿ ನಟಿಗೆ ಗೊತ್ತಿಲ್ಲದಂತೆ ಹೆದರಿಸಿ ‘ಸಹಜ’ ಅಭಿನಯ ತೆಗೆಯುವ ಯೋಚನೆ ಯಾರಿಗಾದರೂ ಬಂದರೆ ಅದನ್ನು ಅಲ್ಲೇ ನಿಲ್ಲಿಸಿ. ಪ್ರೇಕ್ಷಕರ ಭಯ ಹುಟ್ಟುವುದು ಶಾಟ್‌ಗಳ ಜೋಡಣೆಯಲ್ಲಿ, ನಟಿಯ ಯಾತನೆಯಲ್ಲಲ್ಲ.

ಕೊನೆಯ ಚಿತ್ರಗಳಲ್ಲಿ ಬಿಗಿ ಸಡಿಲವಾಯಿತು. ‘ಟಾರ್ನ್ ಕರ್ಟನ್’ (1966) ಹೊತ್ತಿಗೆ ಹರ್ಮನ್ ಜೊತೆಗಿನ ಸಂಬಂಧ ಮುರಿಯಿತು. ಒಬ್ಬ ಮನುಷ್ಯನನ್ನು ಕೊಲ್ಲುವುದು ಎಷ್ಟು ಕಷ್ಟದ, ಎಷ್ಟು ಹೇಸಿಗೆಯ, ಎಷ್ಟು ದೀರ್ಘವಾದ ಕೆಲಸ ಎಂಬುದನ್ನು ತೋರಿಸುವ ಹೊಲದ ಮನೆಯ ದೃಶ್ಯ ಮಾತ್ರ ಮರೆಯಲಾಗದು. 1972ರ ‘ಫ್ರೆಂಜಿ’ಗಾಗಿ ಅವರು ಲಂಡನ್ನಿಗೆ ಮರಳಿ ಕೋವೆಂಟ್ ಗಾರ್ಡನ್ ತರಕಾರಿ ಮಾರುಕಟ್ಟೆಯಲ್ಲಿ ಚಿತ್ರೀಕರಿಸಿದರು. ತರಕಾರಿ ವ್ಯಾಪಾರಿಯ ಮಗ ಅಲ್ಲಿ ತರಕಾರಿ ವ್ಯಾಪಾರಿಯನ್ನೇ ಕೊಲೆಗಾರನನ್ನಾಗಿಸಿದರು. ಅವನು ಒಬ್ಬಳನ್ನು ಮನೆಯೊಳಗೆ ಕರೆದೊಯ್ದು ಬಾಗಿಲು ಮುಚ್ಚಿದಾಗ ಕ್ಯಾಮೆರಾ ಒಳಗೆ ಹೋಗುವುದಿಲ್ಲ. ಮೆಟ್ಟಿಲಿಳಿದು, ಓಣಿ ದಾಟಿ, ಗದ್ದಲದ ಬೀದಿಗೆ ಹಿಂದೆ ಸರಿಯುತ್ತದೆ. ಒಳಗೇನಾಗುತ್ತದೆಂದು ನಮಗೆ ಮೊದಲೇ ಗೊತ್ತು, ಬೀದಿಯ ಒಬ್ಬರಿಗೂ ಗೊತ್ತಿಲ್ಲ. 1976ರ ‘ಫ್ಯಾಮಿಲಿ ಪ್ಲಾಟ್’ ಅವರ ಕಡೆಯ ಚಿತ್ರ. 1980ರ ಹೊಸವರ್ಷದ ಗೌರವಪಟ್ಟಿಯಲ್ಲಿ ಅವರಿಗೆ ಸರ್ ಪದವಿ ಬಂತು, ಏಪ್ರಿಲ್ 29ರಂದು ನಿಧನರಾದರು.

ಕನ್ನಡದಲ್ಲಿ ಈ ಬಗೆಯ ಶಿಸ್ತನ್ನು ನೋಡಬೇಕೆಂದರೆ ಸುನಿಲ್ ಕುಮಾರ್ ದೇಸಾಯಿ ಅವರ ಮೊದಲ ಚಿತ್ರ ‘ತರ್ಕ’ (1989) ನೋಡಿ. ಶಂಕರ್ ನಾಗ್ ನಟಿಸಿದ ಆ ಚಿತ್ರದಲ್ಲಿ ಹಾಡುಗಳೇ ಇಲ್ಲ, ಆ ಕಾಲಕ್ಕೆ ಅದು ದೊಡ್ಡ ಧೈರ್ಯ. ನೋಡಬೇಕಾದ ಇನ್ನೊಂದು ಚಿತ್ರ ಸಸ್ಪೆನ್ಸ್ ಬಗೆಯದೇ ಅಲ್ಲ: ಪುಟ್ಟಣ್ಣ ಕಣಗಾಲ್ ಅವರ ‘ಶರಪಂಜರ’ (1971). ಕೊಡಗಿನ ಹಸಿರನ್ನು ಹಾಡಿನಲ್ಲಿ ಅಷ್ಟೊಂದು ಉಲ್ಲಾಸದಿಂದ ತೋರಿಸಿದ ಮೇಲೆ ಕಾವೇರಿ ಎಂಬ ಹೆಣ್ಣಿನ ಮನಸ್ಸು ಒಡೆಯುವುದನ್ನು ಪುಟ್ಟಣ್ಣ ತೋರಿಸುತ್ತಾರೆ. ಜಾಗದ ಚೆಲುವನ್ನು ಸಂಕಟಕ್ಕೆ ಮುನ್ನುಡಿಯಾಗಿಸುವುದು ಹೇಗೆಂದು ನಮ್ಮವರೇ ತೋರಿಸಿಕೊಟ್ಟಿದ್ದಾರೆ.

ಇನ್ನು ನೋಡುವ ಕ್ರಮ. ಬಿಡುಗಡೆಯ ವರ್ಷದ ಪ್ರಕಾರ ಹೋಗಬೇಡಿ. ಮೊದಲು ‘ಶ್ಯಾಡೋ ಆಫ್ ಎ ಡೌಟ್’, ನಂತರ ‘ರಿಯರ್ ವಿಂಡೋ’, ‘ನಟೋರಿಯಸ್’, ‘ನಾರ್ತ್ ಬೈ ನಾರ್ತ್‌ವೆಸ್ಟ್’. ಇವಿಷ್ಟಾದ ಮೇಲೆ ನಿಮ್ಮ ಚಿತ್ರಕಥೆಯನ್ನು ಮತ್ತೆ ತೆಗೆದು, ಪ್ರತಿ ದೃಶ್ಯದ ಎದುರು ಪಾತ್ರಗಳಿಗೆ ಏನು ಗೊತ್ತು, ಪ್ರೇಕ್ಷಕರಿಗೆ ಏನು ಗೊತ್ತು ಎಂದು ಎರಡು ಸಾಲು ಬರೆಯಿರಿ. ಎರಡೂ ಸಾಲು ಒಂದೇ ಆಗಿರುವ ದೃಶ್ಯಗಳು ಹೆಚ್ಚಿದ್ದರೆ ಚಿತ್ರೀಕರಣವನ್ನು ಮುಂದೂಡಿ. ‘ಸೈಕೋ’ ಮತ್ತು ‘ದಿ ಬರ್ಡ್ಸ್’ ಆಮೇಲೆ ಬರಲಿ, ಮಕ್ಕಳನ್ನು ಕೂರಿಸಿಕೊಂಡು ನೋಡಬೇಡಿ. ‘ವರ್ಟಿಗೋ’ವನ್ನು ಎರಡು ಸಲ ನೋಡಲು ಸಮಯವಿದ್ದಾಗ ಮಾತ್ರ ಹಚ್ಚಿ. ‘ಟೋಪಾಜ್’ ಮತ್ತು ‘ದಿ ಪ್ಯಾರಡೈನ್ ಕೇಸ್’ ನೋಡದೇ ಇದ್ದರೂ ನಿಮ್ಮ ಕೆಲಸಕ್ಕೆ ನಷ್ಟವಿಲ್ಲ. ‘ಬ್ಲ್ಯಾಕ್‌ಮೇಲ್’ನ ಮೂಕಿ ರೂಪವೂ ಟಾಕಿ ರೂಪವೂ ಉಳಿದಿವೆ. ಸಿಕ್ಕರೆ ಎರಡನ್ನೂ ಒಂದರ ಹಿಂದೊಂದು ನೋಡಿ, ನಿಮ್ಮ ತಂಡದಲ್ಲಿ ಧ್ವನಿಯ ಕೆಲಸ ವಹಿಸಿಕೊಂಡವರನ್ನು ಆ ದಿನ ಮುಂದಿನ ಸಾಲಿನಲ್ಲಿ ಕೂರಿಸಿ.